ಶೂ ಬಿಚ್ಚಿ ಹತ್ತುವ ಕಾರು

ನನ್ನ ತಂಗಿ ಸವಾಕೊಳ ಗಂಡ ಕಾದೊವಾಕಿ ಮೊರಿಸಾಕು ತನ್ನ ಬದುಕಿನಲ್ಲಿ ಪ್ರೀತಿಸಿದ್ದು ಒಂದನ್ನೇ. ಅದಕ್ಕೆ ನಾಲ್ಕು ಚಕ್ರಗಳಿದ್ದವು.

ಅದೇನು ದೊಡ್ಡ ಕಾರಲ್ಲ. ಹಿಂದೆ ಡಿಕ್ಕಿಯ ಬಾಲವೂ ಇಲ್ಲದ, ಹಿಂಬಾಗಿಲನ್ನೇ ಮೇಲಕ್ಕೆತ್ತಿ ಸಾಮಾನು ತುಂಬುವ ಪುಟ್ಟ ಕಾರು. ನಮ್ಮ ದೇಶದ ಓಣಿಗಳಿಗೆಂದೇ ಮಾಡಿದ್ದು. ಹೊರದೇಶದವರು ಬೇಕು ಅನ್ನಲಿಲ್ಲ, ಕಂಪನಿಯವರೂ ಕಳಿಸಲಿಲ್ಲ. ನಮ್ಮ ಬಂದರಿನಲ್ಲಿ ಮೀನು ಮಾರುವ ಹೆಂಗಸಿನ ಹತ್ತಿರವೂ ಅದೇ ಕಾರಿತ್ತು, ಅಂಚೆಯವನ ಹೆಂಡತಿಯ ಹತ್ತಿರವೂ ಅದೇ ಇತ್ತು. ಅವರು ಅದರಲ್ಲಿ ಐಸ್ ಪೆಟ್ಟಿಗೆ, ಮಣ್ಣು ಮೆತ್ತಿದ ಮೂಲಂಗಿ, ಒದ್ದೆ ನಾಯಿ ಎಲ್ಲವನ್ನೂ ತುರುಕಿಕೊಂಡು ಓಡಾಡುತ್ತಿದ್ದರು. ಮೊರಿಸಾಕು ಮಾತ್ರ ಅದನ್ನು ಚಕ್ರವರ್ತಿಯ ಪಲ್ಲಕ್ಕಿ ಅಂದುಕೊಂಡ. ಅಲ್ಪನಿಗೆ ಐಶ್ವರ್ಯ ಬಂದರೆ ಅರ್ಧರಾತ್ರಿಯಲ್ಲಿ ಕೊಡೆ ಹಿಡಿದನಂತೆ. ಇವನು ಆ ಕೊಡೆಗೂ ಒಂದು ಪ್ಲಾಸ್ಟಿಕ್ ಚೀಲ ತೊಡಿಸುವ ಪೈಕಿ.

ಇಷ್ಟು ಧೈರ್ಯವಾಗಿ ಹೇಳಲು ನನಗೆ ಅಧಿಕಾರವಿದೆ. ನಾನು ಕಿನುಯೆ, ಬಂದರಿಗೆ ಇಳಿಯುವ ದಾರಿಯಲ್ಲಿ ಕ್ಷೌರದಂಗಡಿ ನಡೆಸುವವಳು. ಗಂಡ ತೀರಿಕೊಂಡ ಮೇಲೆ ಅವನ ಕತ್ತರಿಯನ್ನು ನಾನೇ ಹಿಡಿದೆ. ಊರಿನ ಗಂಡಸರ ತಲೆಗಳೆಲ್ಲ ನನ್ನ ಕೈಯಲ್ಲಿ ಬಗ್ಗಿವೆ, ಮೊರಿಸಾಕುವಿನದೂ ಬಗ್ಗಿದೆ. ಅದರೊಳಗೆ ಏನಿದೆ, ಏನಿಲ್ಲ ಎಂದು ಬಲ್ಲೆ.

ಅವನು ತೋಫು ಮಾಡುವವನ ಮೂರನೆಯ ಮಗ. ಅಣ್ಣಂದಿರು ಬೆಳಕು ಹರಿಯುವ ಮುಂಚೆ ಎದ್ದು ತಣ್ಣೀರಿನಲ್ಲಿ ಕೈಯಾಡಿಸುತ್ತಿದ್ದರೆ, ಇವನು ಕೈ ಒರಟಾಗುತ್ತದೆ ಎಂದು ಓದಿನ ನೆಪ ಹೇಳಿ ತಪ್ಪಿಸಿಕೊಂಡ. ಕೊನೆಗೆ ಊರ ಕಚೇರಿಯ ಕಿಟಕಿಯ ಹಿಂದೆ ಒಂದು ಕುರ್ಚಿ ಸಿಕ್ಕಿತು. ಬಂದವರ ಅರ್ಜಿ ನೋಡುವುದು, ಸಹಿಯ ಬದಲು ಅವರು ಒತ್ತಿ ತಂದ ಮೊಹರು ಸ್ವಲ್ಪ ಮಸುಕಾಗಿದ್ದರೆ ವಾಪಸು ಕಳಿಸುವುದು, ಇಷ್ಟೇ ಅವನ ಜೀವಮಾನದ ಕೆಲಸ. ಹಿಮದಲ್ಲಿ ನಡೆದು ಬಂದ ಮುದುಕರನ್ನೂ ಕಳಿಸಿದ. "ಇನ್ನೊಂದ್ಸಲ ಒತ್ಕೊಂಡು ಬನ್ನಿ" ಎನ್ನುವ ಮಾತು ಅವನ ಬಾಯಲ್ಲಿ ಎಷ್ಟು ಸಲೀಸಾಗಿತ್ತೆಂದರೆ, ಮದುವೆಯ ಹೊಸದರಲ್ಲಿ ಸವಾಕೊ ಮಾಡಿದ ಸಾರನ್ನೂ ಹಾಗೇ ವಾಪಸು ಕಳಿಸುತ್ತಿದ್ದನಂತೆ. ನನ್ನ ತಂಗಿ ಬಾಯಿಲ್ಲದವಳು. ಇನ್ನೊಮ್ಮೆ ಕುದಿಸಿ ತರುತ್ತಿದ್ದಳು.

ನಿವೃತ್ತಿಯಾದ ವರ್ಷ ಕಾರು ಬಂತು. ಷೋರೂಮಿನವರು ಹೂಗುಚ್ಛ ಕೊಟ್ಟು, ಕಾರಿನ ಪಕ್ಕ ನಿಲ್ಲಿಸಿ ಫೋಟೊ ತೆಗೆದು, ಕಾರು ತಿರುವಿನಲ್ಲಿ ಮರೆಯಾಗುವವರೆಗೂ ಸಾಲಾಗಿ ಸೊಂಟ ಬಗ್ಗಿಸಿ ನಿಂತರು. ಯಾರು ಕೊಂಡರೂ ಅವರು ಹಾಗೇ ಬಗ್ಗುತ್ತಾರೆ. ಈ ಮಹಾಶಯ ಅದನ್ನು ಇನ್ನೊಮ್ಮೆ ನೋಡೋಣ ಎಂದು ಒಂದು ಸುತ್ತು ಹಾಕಿ ಮತ್ತೆ ಷೋರೂಮಿನ ಮುಂದೆ ಬಂದ. ಅಷ್ಟರಲ್ಲಿ ಅವರು ಒಳಗೆ ಹೋಗಿ ಊಟಕ್ಕೆ ಕೂತಿದ್ದರು. ಆ ಫೋಟೊಗೆ ಕಟ್ಟು ಹಾಕಿಸಿ ನಡುಮನೆಯಲ್ಲಿ ತೂಗುಹಾಕಿದ. ಮೊಳೆ ಹೊಸದೇನಲ್ಲ, ಮದುವೆಯ ಫೋಟೊ ಇದ್ದ ಮೊಳೆಯೇ.

ದೇವಸ್ಥಾನಕ್ಕೂ ಒಯ್ದ. ಹೊಸ ಕಾರನ್ನು ಅಲ್ಲಿಗೆ ಒಯ್ದು ಶುದ್ಧಿ ಮಾಡಿಸುವುದು ನಮ್ಮಲ್ಲಿ ಎಲ್ಲರೂ ಮಾಡುವುದೇ. ಅರ್ಚಕರು ಬಿಳಿ ಕಾಗದದ ಕುಚ್ಚನ್ನು ಕಾರಿನ ಮೇಲೆ ಬೀಸಿ, ಚಕ್ರಕ್ಕೆ ಒಂದು ಹನಿ ಅಕ್ಕಿಮದ್ಯ ಹಾಕಲು ಬಗ್ಗಿದಾಗ ಮೊರಿಸಾಕು "ಸ್ವಾಮೀ, ಪೇಂಟು! ಪೇಂಟು!" ಎಂದು ಅವರ ಕೈ ಹಿಡಿದನಂತೆ. ದೇವರ ಆಶೀರ್ವಾದವೂ ಅವನಿಗೆ ಕಲೆಯಾಗದ ಹಾಗೆ ಬೇಕಿತ್ತು.

ಆ ಕಾರಿನೊಳಗೆ ಶೂ ಹಾಕಿಕೊಂಡು ಕಾಲಿಡುವ ಹಾಗಿಲ್ಲ. ಇವನೊಬ್ಬನೇ ಹಾಗೆ ಎನ್ನುವುದಿಲ್ಲ, ಆಗ ನಮ್ಮ ಕಡೆ ಕಾರು ಹುಚ್ಚಿನ ಹುಡುಗರು ಕೆಲವರು ಹಾಗೆ ಮಾಡುತ್ತಿದ್ದರು. ಆದರೆ ಅವರು ಹುಡುಗರು, ಮದುವೆಯಾದ ಮೇಲೆ ಬಿಟ್ಟರು. ಇವನು ಅರವತ್ತು ದಾಟಿದ ಮೇಲೆ ಶುರು ಮಾಡಿದ. ಬಾಗಿಲು ತೆಗೆದು, ಸೀಟಿನಲ್ಲಿ ಅಡ್ಡ ಕೂತು, ಎರಡೂ ಕಾಲು ಹೊರಗಿಟ್ಟು, ಶೂ ಬಿಚ್ಚಿ ನೆಲದ ಮೇಲೆ ಜೋಡಿಸಬೇಕು. ಕಾಲನ್ನು ಒಳಗೆ ತಂದು ಕಾರಿನ ಚಪ್ಪಲಿಗೆ ತೂರಿಸಬೇಕು. ಆಮೇಲೆ ಬಗ್ಗಿ ಶೂ ಎತ್ತಿ ಸೀಟಿನ ಹಿಂದಿನ ಡಬ್ಬಿಯಲ್ಲಿ ಇಡಬೇಕು. ಆ ಚಪ್ಪಲಿ ಹೊರಗಿನ ನೆಲ ಮುಟ್ಟಬಾರದು. ಒಳಗೆ ತಿನ್ನಬಾರದು, ಕುಡಿಯಬಾರದು, ಜೋರಾಗಿ ಸೀನಬಾರದು. ಸವಾಕೊ ಹಿಂದಿನ ಸೀಟಿನಲ್ಲೇ ಕೂರಬೇಕು, ಮುಂದೆ ಕೂತರೆ ಸೀಟು ಕುಗ್ಗುತ್ತದಂತೆ. ಅವಳ ತೂಕ ಒಂದು ಅಕ್ಕಿ ಮೂಟೆಯಷ್ಟೂ ಇಲ್ಲ.

ಇದೆಲ್ಲ ಅವನ ಮನೆಯ ಹಾಡು ಎಂದು ನಾನು ನಕ್ಕು ಬಿಟ್ಟುಬಿಡುತ್ತಿದ್ದೆ. ನಮ್ಮ ಅವ್ವನ ವಿಷಯ ಬರದೆ ಹೋಗಿದ್ದರೆ ಈಗಲೂ ನಗುತ್ತಿದ್ದೆ.

ಅವ್ವನ ಹೆಸರು ತಾಮೆ. ನನ್ನ ಜೊತೆ ಅಂಗಡಿಯ ಹಿಂದಿನ ಕೋಣೆಯಲ್ಲಿ ಇದ್ದಳು. ಎಂಬತ್ತಾರು ದಾಟಿತ್ತು, ನೆನಪು ಸೋರಿಹೋಗುತ್ತಿತ್ತು. ನನ್ನನ್ನು ಸತ್ತುಹೋದ ತನ್ನ ತಂಗಿಯ ಹೆಸರಿನಿಂದ ಕರೆಯುತ್ತಿದ್ದಳು, ಸವಾಕೊಳನ್ನು "ಆ ಪಕ್ಕದ್ಮನೆಯವಳು" ಎನ್ನುತ್ತಿದ್ದಳು. ಅಪ್ಪನ ಗೋರಿ ಮಾತ್ರ ಮರೆತಿರಲಿಲ್ಲ. ಅದು ಭೂಶಿರದ ತುದಿಯ ಕುರೊಸಾಕಿ ಎಂಬ ಹಳ್ಳಿಯಲ್ಲಿದೆ. ವಸಂತದಲ್ಲೊಮ್ಮೆ, ಶರತ್ಕಾಲದಲ್ಲೊಮ್ಮೆ ಹಿಗಾನ್ ವಾರ ಬರುತ್ತದೆ. ಆ ವಾರ ಸತ್ತವರ ಗೋರಿ ತೊಳೆದು, ಹೂವಿಟ್ಟು, ಅನ್ನದ ಉಂಡೆಗೆ ಸಿಹಿ ಹೂರಣ ಮೆತ್ತಿ ಎಡೆಯಿಟ್ಟು ಬರದಿದ್ದರೆ ಅವ್ವನಿಗೆ ಅನ್ನ ಇಳಿಯುವುದಿಲ್ಲ. ಕುರೊಸಾಕಿಗೆ ಹೋಗುತ್ತಿದ್ದ ಬಸ್ಸು ನಿಂತುಹೋಗಿತ್ತು. ನಾನು ಟ್ಯಾಕ್ಸಿ ತರಿಸಿದರೆ ಅವ್ವ ಬಾಗಿಲ ಕಂಬ ಹಿಡಿದು ನಿಂತುಬಿಡುತ್ತಿದ್ದಳು. "ಅಳಿಯಂದಿರ ಕಾರು ಇಟ್ಕೊಂಡು ಬಾಡಿಗೆ ಗಾಡೀಲಿ ಹೋದ್ರೆ ಅವರಿಗೆ ಅವಮಾನ ಅಲ್ವಾ?" ಎನ್ನುತ್ತಿದ್ದಳು. ಅಳಿಯಂದಿರ ಮಾನ ಕಾಯುವವಳು ಊರಿನಲ್ಲಿ ಅವಳೊಬ್ಬಳೇ.

ಹಿಂದಿನ ವಸಂತದಲ್ಲಿ ಮೊರಿಸಾಕು ಗೊಣಗುತ್ತಲೇ ಕರೆದುಕೊಂಡು ಹೋಗಿದ್ದ. ಗೋರಿಗೆ ಎಡೆಯಿಟ್ಟ ಉಂಡೆಗಳಲ್ಲಿ ಒಂದನ್ನು ಅವ್ವ ಕರವಸ್ತ್ರದಲ್ಲಿ ಸುತ್ತಿ ಇಟ್ಟುಕೊಂಡಿದ್ದಳು. ಅಳಿಯಂದಿರು ಗಾಡಿ ಓಡಿಸಿ ದಣಿದಿದ್ದಾರೆ, ಅವರಿಗೆ ಎಂದು. ವಾಪಸು ಬರುವಾಗ ದಾರಿಯಲ್ಲಿ ಅದನ್ನು ಕೊಡಲು ಕೈ ಚಾಚಿದಳು. ಕಾರು ಕುಲುಕಿತು, ಉಂಡೆ ಸೀಟಿನ ಮೇಲೆ ಬಿತ್ತು. ಆತ ಅಲ್ಲೇ, ಬಂಡೆಯ ಅಂಚಿನ ರಸ್ತೆಯಲ್ಲೇ ಕಾರು ನಿಲ್ಲಿಸಿ ಅವಳನ್ನು ಇಳಿಸಿದ. ಶೂ ಡಬ್ಬಿಯಲ್ಲಿತ್ತು, ಅದನ್ನು ತೆಗೆದುಕೊಡುವಷ್ಟೂ ಪುರುಸೊತ್ತು ಅವನಿಗಿರಲಿಲ್ಲ. ಅವನು ಒದ್ದೆ ಬಟ್ಟೆಯಲ್ಲಿ ಹೂರಣ ಉಜ್ಜಿ ಮುಗಿಸುವವರೆಗೂ ಎಂಬತ್ತಾರರ ಮುದುಕಿ ಬರೀ ಕಾಲುಚೀಲದಲ್ಲಿ ಡಾಂಬರಿನ ಮೇಲೆ, ಕಡಲ ಗಾಳಿಗೆ ನಿಂತಿದ್ದಳು. ಜೊತೆಗೆ ಹೋಗಿದ್ದ ಸವಾಕೊ ತಾನೂ ಇಳಿದು ತನ್ನ ಶಾಲನ್ನು ಅವಳ ಕಾಲಿಗೆ ಸುತ್ತಿದಳಂತೆ. ಅದನ್ನು ನನಗೆ ಹೇಳುವಾಗಲೂ ಗಂಡನನ್ನು ಬೈಯಲಿಲ್ಲ. ನನಗೆ ಮೈ ಉರಿದುಹೋಯಿತು.

ಶರತ್ಕಾಲದ ಹಿಗಾನ್ ಬಂತು. ಅವ್ವ ಬೇಸಿಗೆಯಲ್ಲಿ ಎರಡು ಸಲ ಹಾಸಿಗೆ ಹಿಡಿದು ಎದ್ದಿದ್ದಳು. ಮುಂದಿನ ಹಿಗಾನ್ ಅವಳ ಪಾಲಿಗಿದೆ ಎನ್ನುವ ನಂಬಿಕೆ ನನಗಿರಲಿಲ್ಲ. ಎದ್ದ ಕೂಡಲೇ "ಇವತ್ತು ಅವರನ್ನ ನೋಡಕ್ಕೆ ಹೋಗ್ತೀವಾ?" ಎಂದು ಕೇಳುತ್ತಿದ್ದಳು. ವಾರ ಮುಗಿಯುತ್ತಾ ಬಂದಾಗ ಒಂದು ಬೆಳಿಗ್ಗೆ ನಾನು ಸ್ವಲ್ಪ ಹೊತ್ತು ಅಂಗಡಿ ಮುಚ್ಚಿ ತಂಗಿಯ ಮನೆಗೆ ಹೋದೆ. ಮೊರಿಸಾಕು ಅಂಗಳದಲ್ಲಿ ಕಾರಿಗೆ ಮೇಣ ತಿಕ್ಕುತ್ತಿದ್ದ.

"ಮೊರಿಸಾಕು, ಅವ್ವನ್ನ ಕುರೊಸಾಕಿಗೆ ಒಂದ್ಸಲ ಕರ್ಕೊಂಡು ಹೋಗಿ ಬಾಪ್ಪ."

"ಹೋಗಬಹುದಿತ್ತು ಅಕ್ಕ. ಆದ್ರೆ ವಯಸ್ಸಾದವರ ಮೈ ಅವರ ಕೈಲಿರಲ್ಲ ನೋಡಿ. ಹೂರಣ ಆದ್ರೆ ಉಜ್ಜಿದ್ರೆ ಹೋಗತ್ತೆ. ಇನ್ನೇನಾದ್ರೂ ಆದ್ರೆ?"

"ಇನ್ನೇನಾದ್ರೂ ಅಂದ್ರೆ?"

"ಅದೇ, ನಿಮಗೆ ಗೊತ್ತಲ್ಲ. ಸೀಟು ಬಟ್ಟೇದು. ವಾಸನೆ ಹಿಡಿದ್ರೆ ಹೋಗಲ್ಲ."

ನಾನು ಬಾಯಿ ತೆಗೆಯುವ ಮುಂಚೆಯೇ ಹಿಂದಿನಿಂದ ಒಂದು ಧ್ವನಿ ಕೇಳಿಸಿತು. ಸವಾಕೊಳದು. ಬಟ್ಟೆ ಒಣಹಾಕುತ್ತಿದ್ದವಳು ಬುಟ್ಟಿಯನ್ನು ನೆಲಕ್ಕೆ ಕುಕ್ಕಿದ್ದಳು.

"ಹೋಗ್ರಿ! ಆ ಕಾರನ್ನೇ ಕಟ್ಕೊಂಡು ಹೋಗಿ ಸಮುದ್ರಕ್ಕೆ ಬೀಳ್ರಿ!"

ಮದುವೆಯಾದಾಗಿನಿಂದ ಅವಳು ಎತ್ತಿದ ಮೊದಲ ಧ್ವನಿ ಅದು. ಮೊರಿಸಾಕು ಮೇಣದ ಬಟ್ಟೆಯನ್ನು ನಾಲ್ಕು ಮಡಿಕೆ ಮಾಡಿ ಜೇಬಿಗಿಟ್ಟುಕೊಂಡ. ಅಡ್ಡ ಕೂತು ಶೂ ಬಿಚ್ಚಿದ, ಚಪ್ಪಲಿ ಹಾಕಿದ, ಶೂ ಡಬ್ಬಿಗಿಟ್ಟ, ಹೊರಟುಹೋದ. ಸಿಟ್ಟಿನಲ್ಲೂ ಕ್ರಮ ತಪ್ಪಲಿಲ್ಲ.

ಕ್ರಮ ತಪ್ಪಿದ್ದು ಬಂದರಿನಲ್ಲಿ. ಅಲ್ಲಿ ಒಡ್ಡಿನ ಅಂಚಿನ ಉದ್ದಕ್ಕೂ, ಬಲಬಾಗಿಲು ಸಮುದ್ರದ ಕಡೆ ಬರುವ ಹಾಗೆ ಕಾರು ನಿಲ್ಲಿಸಿ, ಇಳಿದು ಸ್ವಲ್ಪ ಹೊತ್ತು ನೀರು ನೋಡಿದನಂತೆ. ವಾಪಸು ಬಂದು ಅಡ್ಡ ಕೂತ, ಶೂ ಬಿಚ್ಚಿ ಜೋಡಿಸಿದ, ಕಾಲನ್ನು ಚಪ್ಪಲಿಗೆ ತೂರಿಸಿದ. ಅಷ್ಟರಲ್ಲಿ ಒಂದು ಕಡಲಕ್ಕಿ ಕಾರಿನ ಬಾನೆಟ್ ಮೇಲೆ ಹಿಕ್ಕೆ ಹಾಕಿತು. ಹೊಸ ಮೇಣದ ಮೇಲೆ ಹಿಕ್ಕೆ! ಅದು ಒಣಗುವುದರೊಳಗೆ ತೊಳೆಯಬೇಕೆಂದು ಬಾಗಿಲು ಧಡ್ ಎಂದು ಎಳೆದುಕೊಂಡು ಪಕ್ಕದೂರಿನಲ್ಲಿ, ಒಳಗೆ ಕೂತಿದ್ದ ಹಾಗೇ ಯಂತ್ರವೇ ಕಾರು ತೊಳೆಯುವ ಜಾಗಕ್ಕೆ ಓಡಿಸಿದ. ಶೂ ಒಡ್ಡಿನ ಅಂಚಿನಲ್ಲೇ ಉಳಿಯಿತು. ಎರಡೂ ಒಂದಕ್ಕೊಂದು ತಾಗಿಕೊಂಡು, ತುದಿ ಸಮುದ್ರಕ್ಕೆ ಮುಖ ಮಾಡಿಕೊಂಡು.

ನಮ್ಮಲ್ಲಿ ಮನೆಯೊಳಗೆ ಹೋಗುವವರು ಶೂ ಬಿಚ್ಚಿ ಜೋಡಿಸುತ್ತಾರೆ. ಲೋಕ ಬಿಟ್ಟು ನೀರಿಗೆ ಹಾರುವವರೂ ಹಾಗೇ ಬಿಚ್ಚಿ ಜೋಡಿಸಿ ಹೋಗುತ್ತಾರೆ. ನೀರಿನ ಅಂಚಿನಲ್ಲಿ ಒಂದು ಜೊತೆ ಶೂ ಕಂಡರೆ ನಮ್ಮವರು ಶೂ ನೋಡುವುದಿಲ್ಲ, ನೀರು ನೋಡುತ್ತಾರೆ.

ಮೊದಲು ಕಂಡವನು ಗೊಂದಾ. ಸ್ಕ್ವಿಡ್ ಮೀನು ಹಿಡಿಯುವ ದೋಣಿಯ ಯಜಮಾನ, ಊರಿನ ಸ್ವಯಂಸೇವಕ ಅಗ್ನಿಶಾಮಕ ದಳಕ್ಕೂ ಅವನೇ ಮುಖ್ಯಸ್ಥ. ಶೂ ಒಳಗೆ 'ಕಾದೊವಾಕಿ' ಎಂದು ಬರೆದಿತ್ತು. ಊರಿನ ಸಭೆಗಳಲ್ಲಿ ಶೂ ಅದಲುಬದಲಾಗಬಾರದೆಂದು ಸವಾಕೊ ಬರೆದದ್ದು. ಅಲ್ಲೇ ಕೆಳಗೆ ನೀರಿನ ಮೇಲೆ ಯಾವುದೋ ದೋಣಿಯ ಎಣ್ಣೆ ಬಣ್ಣಬಣ್ಣವಾಗಿ ಹರಡಿತ್ತು. ಗೊಂದಾ ಓಡಿಬಂದು ನನ್ನ ಅಂಗಡಿಯ ಬಾಗಿಲಲ್ಲಿ ಏದುಸಿರು ಬಿಟ್ಟ.

"ಕಿನುಯಕ್ಕ, ನಿಮ್ಮ ಮೊರಿಸಾಕು ಕಾರು ಮನೇಲಿದ್ಯಾ?"

"ಇಲ್ಲ, ಬೆಳಿಗ್ಗೆ ತಗೊಂಡು ಹೋದ. ಯಾಕೋ?"

"ಅಯ್ಯೋ ದೇವ್ರೇ. ಹಾಗಾದ್ರೆ ಕಾರಿನ ಸಮೇತ."

ಊರಿಗೆ ಊರೇ ಒಪ್ಪಿಕೊಂಡಿತು. ಒಬ್ಬರಿಗೂ ಅನುಮಾನ ಬರಲಿಲ್ಲ. ಬೇರೆ ಯಾರಾದರೂ ಕಾರಿನ ಸಮೇತ ಸಮುದ್ರಕ್ಕೆ ಹೋಗುವುದಾದರೆ ಶೂ ಹಾಕಿಕೊಂಡೇ ಹೋಗುತ್ತಾರೆ. "ಸಾಯಕ್ಕೆ ಹೋಗುವಾಗ್ಲೂ ಕಾರು ಕೊಳೆ ಆಗಬಾರ್ದು ಅಂತ ಶೂ ಬಿಚ್ಚಿದ್ದಾನೆ ನೋಡು ಪುಣ್ಯಾತ್ಮ" ಎಂದು ಮೀನಂಗಡಿಯವಳು ಸೆರಗಿನಂತೆ ಏಪ್ರನ್ ಎತ್ತಿ ಕಣ್ಣೊರೆಸಿಕೊಂಡಳು. "ಅವನೇ ಸರಿ. ಇನ್ಯಾರೂ ಅಲ್ಲ."

ಸೈರನ್ ಕೂಗಿತು. ಸಂಜೆಗೆ ಹೊರಡಬೇಕಿದ್ದ ದೋಣಿಗಳು ಹೊರಡಲಿಲ್ಲ. ಗೊಂದಾ ಮತ್ತು ಅವನ ಜೊತೆಯವರು ಹಗ್ಗ ಕಟ್ಟಿಕೊಂಡು ಸರದಿಯ ಮೇಲೆ ಮುಳುಗಿದರು. ಹೆಂಗಸರು ಅನ್ನದುಂಡೆ ಕಟ್ಟಿ ತಂದರು. ಮೊರಿಸಾಕುವಿನ ಕಿಟಕಿಯಿಂದ ವಾಪಸಾಗದ ಮನುಷ್ಯ ಅಲ್ಲಿ ಒಬ್ಬನೂ ಇರಲಿಲ್ಲ. ಆದರೂ ಎಲ್ಲರೂ ಬಂದಿದ್ದರು.

ಸವಾಕೊ ದೋಣಿ ಕಟ್ಟುವ ಕಬ್ಬಿಣದ ಗೂಟದ ಮೇಲೆ ಕೂತಿದ್ದಳು. ಮಡಿಲಲ್ಲಿ ಶೂ. ಅಳುತ್ತಿರಲಿಲ್ಲ.

"ಅಕ್ಕ, ನಾನೇ ಅಂದೆ. ನಾನೇ ಬೀಳು ಅಂದೆ."

"ನೀನು ಅಂದಿದ್ದಕ್ಕೆಲ್ಲ ಅವನು ಯಾವತ್ತು ಕೇಳಿದ್ದಾನೆ ಬಿಡೇ."

"ಇವತ್ತು ಕೇಳಿಬಿಟ್ರು."

ಅವಳ ಮುಖ ನೋಡಿ ನನಗೆ ಸಂಕಟವಾಯಿತು. ಒಂದೇ ಒಂದು ಸಲ ಬಾಯಿ ಬಿಟ್ಟಿದ್ದಕ್ಕೆ ಈ ಹೆಂಗಸು ಇನ್ನು ಸಾಯುವವರೆಗೂ ಬಾಯಿ ಹೊಲಿದುಕೊಂಡು ಇರುತ್ತಾಳೆ ಎನಿಸಿತು. ಸತ್ತೂ ಇವಳನ್ನು ಗೆದ್ದನಲ್ಲ ಎಂದು ಅವನ ಮೇಲೆ ಇನ್ನಷ್ಟು ಸಿಟ್ಟು ಬಂತು.

ಹೊತ್ತು ಮುಳುಗುವಾಗ ಒಡ್ಡಿನ ಆ ತುದಿಯಲ್ಲಿ ಎರಡು ದೀಪ ಕಾಣಿಸಿದವು. ಥಳಥಳ ಹೊಳೆಯುವ ಪುಟ್ಟ ಕಾರೊಂದು ಮೆಲ್ಲಗೆ ಬಂದು ಜನರ ಹಿಂದೆ ನಿಂತಿತು. ಕಿಟಕಿಯ ಗಾಜು ಇಳಿಯಿತು. ಒಳಗೆ ರೇಡಿಯೊದಲ್ಲಿ ಸುಮೊ ಕುಸ್ತಿಯ ಕೊನೆಯ ಪಂದ್ಯದ ಗದ್ದಲ. ಹೆಂಡತಿಯ ಬಾಯಿಗೆ ಹೆದರಿ, ಶೂ ಇಲ್ಲದೆ ಇಳಿಯಲೂ ಆಗದೆ, ಮಧ್ಯಾಹ್ನದಿಂದ ಎಲ್ಲೋ ನೆರಳಲ್ಲಿ ಕಾರು ನಿಲ್ಲಿಸಿಕೊಂಡು ಕುಸ್ತಿ ಕೇಳುತ್ತಾ ಕೂತಿದ್ದನಂತೆ.

"ಏನಾಯ್ತು?" ಎಂದ ಮೊರಿಸಾಕು. "ಯಾರು ಬಿದ್ದಿದ್ದು?"

ಆಗಷ್ಟೇ ನೀರಿನಿಂದ ಎದ್ದ ಗೊಂದಾ ನಡುಗುತ್ತಾ ಅವನನ್ನೇ ನೋಡುತ್ತಿದ್ದ.

"ಏನೋ ದುಡುಕಿರಬೇಕು, ಪಾಪ," ಎಂದು ಮೊರಿಸಾಕು ತಲೆಯಾಡಿಸಿದ. "ಅಂದ ಹಾಗೆ ಗೊಂದಾ, ಇಲ್ಲೆಲ್ಲಾದ್ರೂ ಒಂದು ಜೊತೆ ಶೂ ನೋಡಿದ್ರಾ? ನಂದು."

ಸವಾಕೊ ಎದ್ದಳು. ಜನ ದಾರಿ ಬಿಟ್ಟರು. ಅಪ್ಪಿಕೊಳ್ಳುತ್ತಾಳೋ, ಕಪಾಳಕ್ಕೆ ಬಾರಿಸುತ್ತಾಳೋ ಎಂದು ಎಲ್ಲರೂ ಉಸಿರು ಬಿಗಿಹಿಡಿದಿದ್ದರು. ಅವಳು ಎರಡನ್ನೂ ಮಾಡಲಿಲ್ಲ. ಕಿಟಕಿಯ ಹತ್ತಿರ ಬಂದು ಶೂ ತೋರಿಸಿದಳು. ಅವನು ಕೈ ಚಾಚಿದ. ಅವಳು ತಿರುಗಿ ಒಂದಾದ ಮೇಲೊಂದು ಎರಡನ್ನೂ ಸಮುದ್ರಕ್ಕೆ ಎಸೆದಳು.

"ಇನ್ಮೇಲೆ ಇಳೀಲೇಬೇಡಿ," ಅಂದಳು. "ಅದ್ರೊಳಗೇ ಇರಿ."

ಅವತ್ತು ನನ್ನ ಮನೆಯಲ್ಲೇ ಮಲಗಿದಳು.

ನಮ್ಮಲ್ಲಿ ಊರಿಗೆ ತೊಂದರೆ ಕೊಟ್ಟವನು ಮನೆಮನೆಗೆ ಹೋಗಿ, ಸಿಹಿಯ ಡಬ್ಬಿ ಕೊಟ್ಟು, ಬಗ್ಗಿ ಕ್ಷಮೆ ಕೇಳಬೇಕು. ಹೆಂಡತಿ ಅವನಿಗಿಂತ ಒಂದು ಹೆಜ್ಜೆ ಹಿಂದೆ ನಿಂತು, ಅವನಿಗಿಂತ ಹೆಚ್ಚು ಬಗ್ಗಬೇಕು. ಮರುದಿನ ಬೆಳಿಗ್ಗೆ ಮೊರಿಸಾಕು ನನ್ನ ಬಾಗಿಲಿಗೆ ಬಂದು "ಹೊರಡೇ" ಅಂದ. ಸವಾಕೊ ಅವ್ವನ ತಲೆ ಬಾಚುತ್ತಿದ್ದಳು. "ನಾನೇನು ತಪ್ಪು ಮಾಡಿಲ್ಲ" ಎಂದಳು, ತಲೆ ಎತ್ತಲಿಲ್ಲ.

ಮನೆಯಲ್ಲಿದ್ದ ಹಳೆಯ ಶೂ ಹುಡುಕಿಕೊಂಡು ಒಬ್ಬನೇ ಹೋದ. ಪ್ರತಿ ಮನೆಯ ಮುಂದೂ ಅಡ್ಡ ಕೂತು ಶೂ ಹಾಕು, ಇಳಿ, ಹೊಸ್ತಿಲಲ್ಲಿ ಬಗ್ಗು, ವಾಪಸು ಬಾ, ಅಡ್ಡ ಕೂತು ಶೂ ಬಿಚ್ಚು. ಜನ ಡಬ್ಬಿ ಈಸಿಕೊಂಡು ಸುಮ್ಮನೆ ಒಳಗೆ ಹೋಗಲಿಲ್ಲ, ಕಾರಿನವರೆಗೂ ಬಂದು ಬೀಳ್ಕೊಟ್ಟರು. "ಶೂ ಮರೀಬೇಡಿ ಕಾದೊವಾಕಿಯವರೇ" ಎಂದು ಬಹಳ ಮರ್ಯಾದೆಯಿಂದ ಹೇಳಿದರು. ಗೊಂದಾನ ಹೆಂಡತಿಯಂತೂ ಶೂ ತಾನೇ ಎತ್ತಿ ಕೊಟ್ಟಳಂತೆ. "ಇದು ಸರಿಯಾಗಿದ್ಯಾ, ಇಲ್ಲ ಇನ್ನೊಂದ್ಸಲ ಜೋಡಿಸ್ಕೊಂಡು ಬರಲಾ?" ಎಂದು ಕೇಳಿದಳಂತೆ. ಮಾಡಿದ್ದುಣ್ಣೋ ಮಹಾರಾಯ.

ಕೊನೆಗೆ ನನ್ನ ಅಂಗಡಿಗೆ ಬಂದ. ಡಬ್ಬಿ ಮುಂದಿಟ್ಟು ಬಗ್ಗಿದ. ಮೇಲಿನಿಂದ ಆ ನೆತ್ತಿ ನನಗೆ ಚೆನ್ನಾಗಿ ಗೊತ್ತು. ಅವತ್ತು ಅದು ಬೆವೆತಿತ್ತು.

"ಡಬ್ಬಿ ತಗೊಂಡು ಹೋಗು," ಅಂದೆ. "ಹಿಗಾನ್ ಇವತ್ತಿಗೆ ಮುಗಿಯತ್ತೆ. ಅವ್ವನ್ನ ಈಗ್ಲೇ ಕುರೊಸಾಕಿಗೆ ಕರ್ಕೊಂಡು ಹೋಗು. ಶೂ ಹಾಕ್ಕೊಂಡೇ ಕೂರ್ತಾಳೆ. ಮಡಿಲಲ್ಲಿ ಉಂಡೆ ಇಟ್ಕೊಂಡೇ ಕೂರ್ತಾಳೆ. ಮುಂದಿನ ಸೀಟಲ್ಲಿ."

ಬೀದಿಯ ಎರಡೂ ಕಡೆ ಜನ ನಿಂತಿದ್ದರು. ಅವನು ಅವರನ್ನು ನೋಡಿದ, ಕಾರನ್ನು ನೋಡಿದ.

"ಆಗ್ಲಿ ಅಕ್ಕ."

ಅವನ ಮನಸ್ಸು ಕರಗಿತು ಎಂದು ನಾನು ಹೇಳುವುದಿಲ್ಲ. ಊರು ನೋಡುತ್ತಿತ್ತು, ಅಷ್ಟೇ. ನನಗೆ ಅವನ ಮನಸ್ಸು ಬೇಕಾಗಿರಲಿಲ್ಲ, ಕಾರು ಬೇಕಾಗಿತ್ತು.

ಅವ್ವನಿಗೆ ಕಪ್ಪು ಉಡುಪು ಹಾಕಿ, ಶೂ ತೊಡಿಸಿ, ಸವಾಕೊ ಒಂದು ಕಡೆ ನಾನೊಂದು ಕಡೆ ಹಿಡಿದು ಹೊರಗೆ ತಂದೆವು. ಮೊರಿಸಾಕು ಬಾಗಿಲು ತೆಗೆದು ನಿಂತಿದ್ದ. ಅವ್ವ ಕಾರನ್ನು ನೋಡಿದಳು. ನನ್ನ ಹೆಸರು ಮರೆತವಳು, ತನ್ನ ಮಗಳನ್ನು ಪಕ್ಕದ ಮನೆಯವಳು ಎನ್ನುವವಳು, ಯಾರೂ ಹೇಳದೆಯೇ ಸೀಟಿನಲ್ಲಿ ಅಡ್ಡ ಕೂತಳು. ಶೂ ಬಿಚ್ಚಿದಳು. ಬಗ್ಗಿ ಅವನ್ನು ನೆಲದ ಮೇಲೆ ಜೋಡಿಸಿದಳು. ಆಮೇಲೆ ಕರವಸ್ತ್ರ ತೆಗೆದು ತನ್ನ ಕಾಲಡಿಗೆ ಹಾಸತೊಡಗಿದಳು.

"ಅವ್ವ, ಬೇಡ, ಇವತ್ತು ಶೂ ಹಾಕ್ಕೋಬಹುದು" ಎಂದಳು ಸವಾಕೊ.

ಅವ್ವ ಇಲ್ಲ ಎಂದು ತಲೆಯಾಡಿಸಿ ಕಾಲನ್ನು ಎಳೆದುಕೊಂಡಳು. ಬೀದಿಯಲ್ಲಿ ಒಬ್ಬರೂ ನಗಲಿಲ್ಲ.

ಮೊರಿಸಾಕು ಮಣ್ಣಿನಲ್ಲಿ ಮಂಡಿಯೂರಿದ. ಶೂ ಎತ್ತಿಕೊಂಡು, ಅವಳ ಕಾಲನ್ನು ಒಂದೊಂದಾಗಿ ಹಿಡಿದು ತೊಡಿಸಿದ. ಕಾಲನ್ನು ಎತ್ತಿ ಕಾರಿನೊಳಗೆ, ಅದುವರೆಗೂ ಶೂ ಕಾಣದ ನೆಲಹಾಸಿನ ಮೇಲೆ ಇಟ್ಟ.

ಅವ್ವ ಬಗ್ಗಿ ಅವನ ಮುಖವನ್ನು ದಿಟ್ಟಿಸಿ ನೋಡಿದಳು. ತಲೆ ಸವರಿದಳು.

"ಯಾರ ಮಗನಪ್ಪ ನೀನು? ಒಳ್ಳೆಯವನು," ಎಂದು ಪಿಸುಗುಟ್ಟಿದಳು. "ಬೇಗ ಬಾಗಿಲು ಹಾಕಿಬಿಡು. ನಮ್ಮ ಅಳಿಯಂದಿರು ನೋಡಿದ್ರೆ ಬೈತಾರೆ."